ತೊಗಟೆಯ ಒಳಮೈಯಲ್ಲಿ ಕೂತಿರುವ ಮದ್ದು

ಕಾಫಿ ತೋಟದಲ್ಲಿ ನೆರಳು ಜಾಸ್ತಿಯಾದರೆ ಕೆಲವರು ಮರಕ್ಕೆ ಕೊಡಲಿ ಹಾಕುವುದಿಲ್ಲ. ಸೊಂಟದೆತ್ತರದಲ್ಲಿ ಸುತ್ತಲೂ ಒಂದು ಗೇಣು ತೊಗಟೆ ಕೆತ್ತಿ ಸುಮ್ನೆ ಬಿಟ್ಟುಬಿಡುತ್ತಾರೆ. ಮೂಡಿಗೆರೆ ಕಡೆಯ ಒಂದು ತೋಟದಲ್ಲಿ ಹೀಗೆ ಕೆತ್ತಿದ ಹೆಬ್ಬಲಸಿನ ಮರವನ್ನು ನಾನು ಎರಡು ವರ್ಷ ನೋಡುತ್ತಾ ಬಂದೆ. ಮೊದಲ ಮಳೆಗಾಲ ಏನೂ ಆಗಲಿಲ್ಲ. ಎಲೆ ಹಸಿರಾಗೇ ಇತ್ತು, ಚಿಗುರೂ ಬಂತು. ಕೆತ್ತಿದ ಜಾಗದ ಮೇಲಂಚು ಮಾತ್ರ ತುಟಿಯ ಹಾಗೆ ಊದಿಕೊಂಡಿತ್ತು. ಕೆಳಗಿನ ಅಂಚು ಒಣಗಿ ಬಿರಿದಿತ್ತು. ಮಾರನೇ ಬೇಸಿಗೆಗೆ ತುದಿಯ ಕೊಂಬೆಗಳು ಬೋಳಾದವು. ಆಮೇಲೆ ಇಡೀ ಮರವೇ ಹೋಯಿತು.

ಆ ಊದಿಕೊಂಡ ಅಂಚಿನಲ್ಲೇ ತೊಗಟೆಯ ಗುಟ್ಟಿದೆ. ಬೇರು ಎಳೆದ ನೀರು ಮೇಲಕ್ಕೆ ಹೋಗುವುದು ಒಳಗಿನ ಕಟ್ಟಿಗೆಯ ಮೂಲಕ. ಅದಕ್ಕೆ ಯಾರೂ ಕೈ ಹಚ್ಚಿರಲಿಲ್ಲ, ಹಾಗಾಗಿ ಎಲೆ ಬಾಡಲಿಲ್ಲ. ಆದರೆ ಎಲೆ ತಯಾರಿಸಿದ ಸಕ್ಕರೆ ಬೇರಿಗೆ ಇಳಿಯುವುದು ತೊಗಟೆಯ ಒಳಪದರದ ಮೂಲಕ. ಆ ದಾರಿ ಕಡಿದುಹೋದ ಕಡೆ ಊಟ ಮೇಲೆಯೇ ನಿಂತು ಮರ ಊದಿಕೊಂಡಿತು. ಕೆಳಗೆ ಬೇರು ಹಸಿದು ಸತ್ತಿತು.

ನಾವು ಔಷಧಿ ಅಂತ ಕೆತ್ತಿ ತರುವ ಚಕ್ಕೆಯೂ ಇದೇ ಪದರದ್ದು. ಹಸಿ ಕೊಂಬೆಯೊಂದನ್ನು ಉಗುರಿನಿಂದ ಕೆರೆದು ನೋಡಿ. ಮೊದಲು ಒಣಗಿದ, ಪುಡಿಪುಡಿಯಾಗುವ ಹೊರಗಿನ ಸಿಪ್ಪೆ. ಅದು ಸತ್ತ ಭಾಗ. ಮಳೆ, ಬೆಂಕಿ, ಬಿಸಿಲಿಗೆ ಅಡ್ಡ ನಿಲ್ಲುವುದಷ್ಟೇ ಅದರ ಕೆಲಸ. ಅದರ ಕೆಳಗೆ ಒದ್ದೆಯಾದ, ನಾರುನಾರಾದ ಪದರ ಸಿಗುತ್ತದೆ. ಜೀವ ಇರುವುದು ಅಲ್ಲಿ. ಅದಕ್ಕೂ ಒಳಗೆ, ಕಟ್ಟಿಗೆಗೆ ಅಂಟಿಕೊಂಡ ಹಾಗೆ, ಕಾಗದಕ್ಕಿಂತ ತೆಳ್ಳಗೆ ಜಾರುವ ಒಂದು ಪೊರೆ. ಮರ ದಪ್ಪವಾಗುವುದು ಆ ಪೊರೆಯಿಂದ. ಹೊರಗೆ ತೊಗಟೆ, ಒಳಗೆ ಕಟ್ಟಿಗೆ, ಎರಡನ್ನೂ ಅದೇ ಹುಟ್ಟಿಸುತ್ತದೆ.

ಸಕ್ಕರೆ ಹರಿಯುವ ಕಡೆ ಕಳ್ಳರೂ ಬರುತ್ತಾರೆ ಅಲ್ವಾ? ಹುಳು, ಶಿಲೀಂಧ್ರ, ಜಿಂಕೆ, ಕಡವೆ. ಮರಕ್ಕೆ ಓಡಲು ಕಾಲಿಲ್ಲ. ಅದಕ್ಕೇ ಆ ಪದರದ ತುಂಬಾ ತಿಂದವರಿಗೆ ಆಗದಂಥ ವಸ್ತುಗಳನ್ನು ತುಂಬಿಡುತ್ತದೆ. ನಮ್ಮ ಮದ್ದು ಅಂದರೆ ಮರ ತನ್ನ ಶತ್ರುಗಳಿಗೆ ಇಟ್ಟ ವಿಷ. ಅಳತೆ ಹಿಡಿದು ಬಳಸಿದಾಗ ಅದು ನಮಗೆ ಮದ್ದಾಗುತ್ತದೆ.

ಈ ವಸ್ತುಗಳಲ್ಲಿ ಎರಡು ದೊಡ್ಡ ಪಂಗಡಗಳನ್ನು ನಾಲಿಗೆಯಲ್ಲೇ ಗುರುತಿಸಬಹುದು. ಒಂದು ಒಗರು, ಇನ್ನೊಂದು ಕಹಿ.

ಒಗರು ಬರುವುದು ಟ್ಯಾನಿನ್‌ನಿಂದ. ಅಡಿಕೆ ಬೇಯಿಸುವ ಮನೆಯವರಿಗೆ ಇದನ್ನು ಹೇಳಿಕೊಡಬೇಕಾಗಿಲ್ಲ, ಅಡಿಕೆ ಬೇಯಿಸಿದಾಗ ಉಳಿಯುವ ಚೊಗರು ಅಂದರೆ ಬಹುಪಾಲು ಟ್ಯಾನಿನ್ನೇ. ಟ್ಯಾನಿನ್‌ಗೆ ಪ್ರೋಟೀನ್ ಕಂಡರೆ ಅಂಟಿಕೊಳ್ಳುವ ಗುಣ. ಬಾಯಿಗೆ ಹಾಕಿದರೆ ಜೊಲ್ಲಿನಲ್ಲಿರುವ ಜಾರುವ ಪ್ರೋಟೀನನ್ನು ಹಿಡಿದು ಗಟ್ಟಿ ಮಾಡುತ್ತದೆ. ನಾಲಿಗೆ ಒಣಗಿದ ಹಾಗೆ, ಕೆನ್ನೆ ಒಳಗೆ ಎಳೆದ ಹಾಗೆ ಅನಿಸುವುದು ಅದಕ್ಕೇ. ಹಸಿ ಚರ್ಮ ಹದವಾಗುವುದೂ ಹೀಗೇ. ಅರಸೀಕೆರೆ ಕಡೆಯ ಬಯಲಿನಲ್ಲಿ ಬೆಳೆಯುವ ತಂಗಡಿಯ ತೊಗಟೆ ಚರ್ಮ ಹದ ಮಾಡುವುದಕ್ಕೆ ಹೆಸರಾದದ್ದು ಈ ಗುಣದಿಂದ. ಭೇದಿಯಾದಾಗ ಒಗರು ತೊಗಟೆಯ ಕಷಾಯ ಕೊಡುವುದರ ಹಿಂದೆ, ಗಾಯ ತೊಳೆಯುವುದರ ಹಿಂದೆ ಇರುವುದೂ ಇದೇ ರಸಾಯನ.

ಟ್ಯಾನಿನ್‌ಗೆ ಕಬ್ಬಿಣ ತಾಗಿದರೆ ಕಪ್ಪುನೀಲಿ ಬಣ್ಣ ಬರುತ್ತದೆ. ಹಳೆಯ ಕಾಲದ ಶಾಯಿ ಮಾಡುತ್ತಿದ್ದುದು ಹೀಗೆ. ಮತ್ತಿ ಮರದ ತೊಗಟೆಗೆ ಕತ್ತಿ ಹಾಕಿ ಸ್ವಲ್ಪ ಹೊತ್ತು ಬಿಟ್ಟರೆ ಕತ್ತಿಯ ಅಲಗೂ ಕಪ್ಪು, ಕೈಯೂ ಕಪ್ಪು. ಕಷಾಯಕ್ಕೆ ಮಣ್ಣಿನ ಪಾತ್ರೆ ಬೇಕು, ಚಕ್ಕೆಗೆ ಕಬ್ಬಿಣ ತಾಗಿಸಬಾರದು ಅಂತ ಹಿರಿಯರು ಹೇಳುತ್ತಿದ್ದುದು ಇದನ್ನು ನೋಡಿಯೇ ಇರಬೇಕು ಅಂತ ನನ್ನ ಊಹೆ.

ಕಹಿಯ ಕಥೆ ಬೇರೆ. ತೊಗಟೆಯ ಗಾಢವಾದ ಕಹಿ ಹೆಚ್ಚಿನ ಸಲ ಆಲ್ಕಲಾಯ್ಡ್‌ಗಳದ್ದು. ಇವುಗಳ ಅಣುವಿನಲ್ಲಿ ಸಾರಜನಕ ಇರುತ್ತದೆ. ಆ ಸಾರಜನಕದಿಂದಾಗಿ ಇವು ಸುಣ್ಣ, ಸೋಡಾದ ಹಾಗೆ ಕ್ಷಾರದ ಗುಣ ತೋರಿಸುತ್ತವೆ. ಆಮ್ಲ ಸಿಕ್ಕರೆ ಸೇರಿ ಲವಣವಾಗುತ್ತವೆ. ಟ್ಯಾನಿನ್ ಬಾಯಲ್ಲೇ, ಕರುಳಿನಲ್ಲೇ ಕೆಲಸ ಮುಗಿಸಿದರೆ ಆಲ್ಕಲಾಯ್ಡ್ ರಕ್ತಕ್ಕೆ ಇಳಿದು ನರ, ಹೃದಯ, ರೋಗಾಣು ಎಲ್ಲವನ್ನೂ ಮುಟ್ಟಬಲ್ಲದು. ಕಾಫಿಯ ಕೆಫೀನ್ ಕೂಡ ಇದೇ ಪಂಗಡಕ್ಕೆ ಸೇರಿದ್ದು.

ಕಾಫಿಯ ಮಾತು ಬಂದದ್ದು ಒಳ್ಳೆಯದಾಯಿತು. ಪ್ರಪಂಚದಲ್ಲಿ ಅತಿ ಹೆಚ್ಚು ಜನರ ಪ್ರಾಣ ಉಳಿಸಿದ ತೊಗಟೆ ಯಾವುದು ಅಂದರೆ ಸಿಂಕೋನಾ. ಅದು ಕಾಫಿ ಗಿಡದ ಕುಟುಂಬಕ್ಕೇ ಸೇರಿದ ಮರ. ದಾಯಾದಿ ಅನ್ನಿ.

ಮಲೆನಾಡಿಗೆ ಸಿಂಕೋನಾ ಯಾಕೆ ಬೇಕಿತ್ತು ಅಂತ ಈಗಿನವರಿಗೆ ಗೊತ್ತಾಗುವುದು ಕಷ್ಟ. ನಮ್ಮ ಅಜ್ಜಿಯ ಬಾಯಲ್ಲಿ ಜ್ವರಗಡ್ಡೆ ಅನ್ನುವ ಮಾತು ಪದೇ ಪದೇ ಬರುತ್ತಿತ್ತು. ಮಲೇರಿಯಾ ಮತ್ತೆ ಮತ್ತೆ ಬಂದವರ ಗುಲ್ಮ ಊದಿಕೊಂಡು, ಎಡಗಡೆ ಪಕ್ಕೆಲುಬಿನ ಕೆಳಗೆ ಗಡ್ಡೆಯ ಹಾಗೆ ಕೈಗೆ ಸಿಗುತ್ತಿತ್ತು. ಅದೇ ಜ್ವರಗಡ್ಡೆ. ಮಕ್ಕಳ ಕೈಕಾಲು ಕಡ್ಡಿ, ಹೊಟ್ಟೆ ಮಾತ್ರ ಡುಬ್ಬ. ಬಯಲುಸೀಮೆಯವರು ಮಲೆನಾಡಿಗೆ ಹೆಣ್ಣು ಕೊಡಲು ಹೆದರುತ್ತಿದ್ದರಂತೆ. ನಮ್ಮ ಬೆಟ್ಟದ ಹಳ್ಳಗಳ ಅಂಚಿನಲ್ಲಿ, ಹುಲ್ಲು ಬಾಗಿ ನೀರು ನಿಧಾನವಾಗಿ ಹರಿಯುವ ಕಡೆ ಹುಟ್ಟುವ ಅನಾಫಿಲಿಸ್ ಸೊಳ್ಳೆಯೇ ಇದಕ್ಕೆ ಕಾರಣ. ಸೊಳ್ಳೆಗೂ ಮಲೇರಿಯಾಗೂ ಇರುವ ನಂಟನ್ನು ಬ್ರಿಟಿಷ್ ವೈದ್ಯ ರೊನಾಲ್ಡ್ ರಾಸ್ ಸಿಕಂದರಾಬಾದಿನಲ್ಲಿ ಕಂಡದ್ದು 1897ರಲ್ಲಿ. ಅದಕ್ಕಿಂತ ಇನ್ನೂರೈವತ್ತು ವರ್ಷ ಮೊದಲೇ ಔಷಧಿ ಸಿಕ್ಕಿತ್ತು. ರೋಗ ಹೇಗೆ ಬರುತ್ತದೆ ಅಂತ ಗೊತ್ತಿಲ್ಲದೆಯೇ ಜನ ಅದನ್ನು ಗುಣ ಮಾಡುತ್ತಿದ್ದರು.

ಸಿಂಕೋನಾದ ತವರು ದಕ್ಷಿಣ ಅಮೆರಿಕದ ಆಂಡೀಸ್ ಪರ್ವತ. ಹದಿನೇಳನೇ ಶತಮಾನದಲ್ಲಿ ಪೆರುವಿನಲ್ಲಿದ್ದ ಜೆಸ್ಯೂಟ್ ಪಾದ್ರಿಗಳು ಅದರ ತೊಗಟೆಯನ್ನು ಯುರೋಪಿಗೆ ಕಳಿಸಿದರು. ರೋಮ್ ನಗರವೇ ಆಗ ಮಲೇರಿಯಾದ ಗೂಡಾಗಿತ್ತು. ಚಿಂಚೋನ್ ಎಂಬ ಊರಿನ ಕೌಂಟೆಸ್ ಒಬ್ಬಳು ಈ ತೊಗಟೆಯಿಂದ ಗುಣವಾದಳು ಅನ್ನುವ ಕಥೆಯನ್ನು ನಂಬಿ ಸಸ್ಯವಿಜ್ಞಾನಿ ಲಿನೇಯಸ್ 1742ರಲ್ಲಿ ಮರಕ್ಕೆ ಅವಳ ಹೆಸರಿಟ್ಟ. ಇಂಗ್ಲಿಷಿನಲ್ಲಿ ಬರೆದರೆ h ಎಂಬ ಒಂದಕ್ಷರ ಹೆಸರಿನಲ್ಲಿ ಬಿಟ್ಟುಹೋಯಿತು. ಕಥೆಯೂ ಸುಳ್ಳು. ಅವಳ ಗಂಡ ಪೆರುವಿನಲ್ಲಿ ವೈಸ್‌ರಾಯ್ ಆಗಿದ್ದಾಗ ಬರೆಸಿದ ದಿನಚರಿಯಲ್ಲಿ ಅಂಥ ಘಟನೆಯೇ ಇಲ್ಲ. ಮರದ ಪರಿಚಯ ಮಾಡಿಕೊಟ್ಟ ಆಂಡೀಸ್‌ನ ಜನರ ಹೆಸರು ಮಾತ್ರ ಎಲ್ಲೂ ಉಳಿಯಲಿಲ್ಲ. ನನಗೆ ಬೇಜಾರಾಗುವುದು ಅದಕ್ಕೇ.

ಆ ಕಾಲದಲ್ಲಿ ತೊಗಟೆಯನ್ನು ಪುಡಿ ಮಾಡಿ ವೈನ್‌ನಲ್ಲಿ ಕಲಸಿ ಕುಡಿಯುತ್ತಿದ್ದರು. ಒಂದು ಮೂಟೆ ಚೆನ್ನಾಗಿ ಕೆಲಸ ಮಾಡಿದರೆ ಇನ್ನೊಂದು ಮೂಟೆ ಏನೂ ಮಾಡುತ್ತಿರಲಿಲ್ಲ. ಸಿಂಕೋನಾದಲ್ಲಿ ಹಲವು ಜಾತಿ, ಒಂದೊಂದರ ಸತ್ವ ಒಂದೊಂದು ಥರ. 1820ರಲ್ಲಿ ಪ್ಯಾರಿಸ್ಸಿನ ಪೆಲ್ಲೆಟಿಯೆ ಮತ್ತು ಕಾವೆಂಟು ಎಂಬಿಬ್ಬರು ಔಷಧಿ ತಜ್ಞರು ಆ ಸತ್ವವನ್ನೇ ಬೇರೆ ಮಾಡಿ ಕ್ವಿನೈನ್ ಅಂತ ಹೆಸರಿಟ್ಟರು. ಅದಕ್ಕೆ ಎರಡು ವರ್ಷ ಮೊದಲು ಇದೇ ಜೋಡಿ ಸ್ಟ್ರಿಕ್ನಿನ್ ಎಂಬ ವಿಷವನ್ನು ಬೇರ್ಪಡಿಸಿತ್ತು. ನಮ್ಮ ಕಾಸರಕ ಮರದಲ್ಲಿರುವುದು ಅದೇ ವಿಷ. ಆ ಮರದ ಮಾತು ಮುಂದೆ ಬರುತ್ತದೆ.

ತೊಗಟೆಯಿಂದ ಕ್ವಿನೈನ್ ತೆಗೆಯುವ ಬಗೆ ತಿಳಿದರೆ ಆಲ್ಕಲಾಯ್ಡ್ ಅಂದರೇನು ಅಂತ ಪೂರ್ತಿ ಅರ್ಥವಾಗುತ್ತದೆ. ಮರದೊಳಗೆ ಕ್ವಿನೈನ್ ಒಂಟಿಯಾಗಿ ಇರುವುದಿಲ್ಲ. ತೊಗಟೆಯ ಆಮ್ಲಗಳ ಜೊತೆ ಸೇರಿ ಲವಣವಾಗಿರುತ್ತದೆ. ತೊಗಟೆಯ ಪುಡಿಗೆ ಸುಣ್ಣ ಹಾಕಿ ಕಲಸಿದರೆ ಸುಣ್ಣ ಆ ಆಮ್ಲವನ್ನು ಕಿತ್ತುಕೊಳ್ಳುತ್ತದೆ, ಕ್ವಿನೈನ್ ಬಿಡಿಯಾಗುತ್ತದೆ. ಬಿಡಿಯಾದ ಕ್ವಿನೈನ್‌ಗೆ ನೀರು ಬೇಡ, ಎಣ್ಣೆ ಬೇಕು. ಬಿಸಿ ಖನಿಜ ಎಣ್ಣೆ ಹಾಕಿ ಕದಡಿದರೆ ಅದರಲ್ಲಿ ಕರಗಿ ಬರುತ್ತದೆ. ಆ ಎಣ್ಣೆಗೆ ಗಂಧಕಾಮ್ಲ ಬೆರೆಸಿದ ನೀರು ಸೇರಿಸಿದರೆ ಮತ್ತೆ ಲವಣವಾಗಿ ಎಣ್ಣೆ ಬಿಟ್ಟು ನೀರಿಗೆ ಇಳಿಯುತ್ತದೆ. ನೀರು ತಣ್ಣಗಾದಂತೆ ರೇಷ್ಮೆ ಎಳೆಯ ಹಾಗೆ ಬಿಳಿ ಹರಳು ಕಟ್ಟುತ್ತದೆ. ಅದೇ ಕ್ವಿನೈನ್ ಸಲ್ಫೇಟ್. ಇಷ್ಟೇ. ಸುಣ್ಣ, ಎಣ್ಣೆ, ಆಮ್ಲ. ನೀರಿನಿಂದ ಎಣ್ಣೆಗೆ, ಎಣ್ಣೆಯಿಂದ ನೀರಿಗೆ ಓಡಾಡಿಸಿ ಕಸವನ್ನು ದಾರಿಯಲ್ಲೇ ಬಿಡಿಸುವುದು.

ಅದರ ಅಣುವಿನಲ್ಲಿ 20 ಇಂಗಾಲ, 24 ಜಲಜನಕ, 2 ಸಾರಜನಕ, 2 ಆಮ್ಲಜನಕ ಇವೆ. ಅದೇ ತೊಗಟೆಯಲ್ಲಿ ಕ್ವಿನಿಡಿನ್ ಎಂಬ ಇನ್ನೊಂದು ವಸ್ತುವೂ ಇದೆ. ಅದರಲ್ಲೂ ಇಷ್ಟೇ ಪರಮಾಣುಗಳು, ಇದೇ ಲೆಕ್ಕ. ಕೆಲವು ಕೊಂಡಿಗಳು ಮಾತ್ರ ಎಡದ ಬದಲು ಬಲಕ್ಕೆ ತಿರುಗಿವೆ. ಅಷ್ಟಕ್ಕೇ ಅದು ಹೃದಯದ ಬಡಿತ ತಪ್ಪಿದವರಿಗೆ ಕೊಡುವ ಔಷಧಿಯಾಯಿತು. ಒಂದೇ ಚಕ್ಕೆಯಲ್ಲಿ ಜ್ವರದ ಮದ್ದು, ಹೃದಯದ ಮದ್ದು ಎರಡೂ.

ಕ್ವಿನೈನನ್ನು ಕಣ್ಣಾರೆ ನೋಡುವ ಒಂದು ದಾರಿ ಇದೆ. ಟಾನಿಕ್ ವಾಟರ್ ಅಂತ ಕಹಿ ಸೋಡಾ ಸಿಗುತ್ತದಲ್ಲ, ಅದರಲ್ಲಿ ಸ್ವಲ್ಪ ಕ್ವಿನೈನ್ ಇರುತ್ತದೆ. ಅಂಗಡಿಯವರು ಖೋಟಾನೋಟು ನೋಡಲು ಇಟ್ಟುಕೊಳ್ಳುವ ನೇರಳೆ ದೀಪದ ಕೆಳಗೆ ಆ ಬಾಟಲಿ ಹಿಡಿಯಿರಿ. ಇಡೀ ನೀರು ತಿಳಿನೀಲಿಯಾಗಿ ಹೊಳೆಯುತ್ತದೆ. ಮಕ್ಕಳಿಗೆ ಒಮ್ಮೆ ತೋರಿಸಿದರೆ ಮರೆಯುವುದಿಲ್ಲ.

ಮೈಯೊಳಗೆ ಅದು ಮಾಡುವ ಕೆಲಸವೂ ಸೊಗಸಾಗಿದೆ. ಮಲೇರಿಯಾದ ರೋಗಾಣು ನಮ್ಮ ಕೆಂಪು ರಕ್ತಕಣದೊಳಗೆ ಕೂತು ಹಿಮೋಗ್ಲೋಬಿನ್ ತಿನ್ನುತ್ತದೆ. ತಿಂದ ಮೇಲೆ ಕಬ್ಬಿಣ ಇರುವ ಹೀಮ್ ಎಂಬ ಭಾಗ ಉಳಿಯುತ್ತದೆ. ಅದು ರೋಗಾಣುವಿಗೇ ವಿಷ. ಅದಕ್ಕೇ ರೋಗಾಣು ಅದನ್ನು ಹರಳು ಕಟ್ಟಿಸಿ ಮೂಲೆಗೆ ಹಾಕುತ್ತದೆ. ಕ್ವಿನೈನ್ ಹೋಗಿ ಆ ಹರಳು ಕಟ್ಟುವುದನ್ನೇ ತಡೆಯುತ್ತದೆ. ತಾನು ತಿಂದ ಊಟದ ಕಸದಲ್ಲೇ ರೋಗಾಣು ಸಾಯುತ್ತದೆ. ಆದರೆ ಪ್ರಮಾಣ ಜಾಸ್ತಿಯಾದರೆ ನಮಗೂ ಪೆಟ್ಟು. ಕಿವಿಯಲ್ಲಿ ಗುಂಯ್ ಅನ್ನುವ ಸದ್ದು, ತಲೆಸುತ್ತು, ಕಣ್ಣು ಮಂಜು. ಕ್ವಿನೈನ್ ನುಂಗಿದವರು ಕಿವಿಯಲ್ಲಿ ಜೀರುಂಡೆ ಕೂಗುತ್ತೆ ಅನ್ನುತ್ತಿದ್ದುದು ಉತ್ಪ್ರೇಕ್ಷೆ ಅಲ್ಲ.

ಬೇಡಿಕೆ ಏರಿದಂತೆ ಆಂಡೀಸ್‌ನಲ್ಲಿ ಮರಗಳಿಗೆ ಉಳಿಗಾಲ ಇಲ್ಲದಾಯಿತು. ತೊಗಟೆ ಸುಲಿಯಲು ಮರವನ್ನೇ ಉರುಳಿಸುತ್ತಿದ್ದರು. 1860ರ ಹೊತ್ತಿಗೆ ಬ್ರಿಟಿಷರು ಕ್ಲೆಮೆಂಟ್ಸ್ ಮಾರ್ಕಮ್ ಎಂಬಾತನನ್ನು ಕಳಿಸಿ ಗಿಡ, ಬೀಜ ತರಿಸಿ ನೀಲಗಿರಿಯಲ್ಲಿ ನೆಟ್ಟರು. ಗುಂಡ್ಲುಪೇಟೆ, ಗೂಡಲೂರು ದಾಟಿ ಊಟಿಗೆ ಹೋಗುವ ದಾರಿಯಲ್ಲಿ ನಡುವಟ್ಟಂ ಸಿಗುತ್ತದಲ್ಲ, ಅಲ್ಲಿ ಕೈದಿಗಳನ್ನು ದುಡಿಸಿ ಸಿಂಕೋನಾ ತೋಟ ಎಬ್ಬಿಸಿದರು. ಇನ್ನೂ ಹೆಚ್ಚು ಸತ್ವದ ಜಾತಿಯ ಬೀಜವನ್ನು 1865ರಲ್ಲಿ ಡಚ್ಚರು ಕೊಂಡು ಜಾವಾದಲ್ಲಿ ಬೆಳೆದರು. ಆ ಬೀಜ ಆರಿಸಿ ತಂದವನು ಬೊಲಿವಿಯಾದ ಮೂಲನಿವಾಸಿ ಮಾನುವೆಲ್ ಇಂಕ್ರಾ ಮಮಾನಿ. ಬೀಜ ಹೊರಗೆ ಕಳಿಸಿದ್ದಕ್ಕೆ ಅವನನ್ನು ಹಿಡಿದು ಹೊಡೆದರು, ಆ ಪೆಟ್ಟಿನಲ್ಲೇ ಅವನು ಸತ್ತ. ಮರದ ಜಾತಿಗೆ ಹೆಸರು ಬಂದದ್ದು ಅವನ ಯಜಮಾನ ಚಾರ್ಲ್ಸ್ ಲೆಜರ್‌ನದ್ದು. 1930ರ ದಶಕದಲ್ಲಿ ಪ್ರಪಂಚದ ಕ್ವಿನೈನ್‌ನ ನೂರಕ್ಕೆ ತೊಂಬತ್ತಕ್ಕೂ ಹೆಚ್ಚು ಪಾಲು ಜಾವಾದಿಂದಲೇ ಬರುತ್ತಿತ್ತು. 1942ರಲ್ಲಿ ಜಪಾನ್ ಜಾವಾವನ್ನು ಹಿಡಿದಾಗ ಆ ದಾರಿ ಮುಚ್ಚಿತು. ಪ್ರಯೋಗಾಲಯದಲ್ಲಿ ತಯಾರಿಸಿದ ಮಲೇರಿಯಾ ಔಷಧಿಗಳು ಬೇಗ ಮುಂದೆ ಬಂದದ್ದು ಆಮೇಲೆಯೇ.

ನೀಲಗಿರಿಯ ಕಥೆಯಲ್ಲಿ ನನಗೆ ತುಂಬಾ ಇಷ್ಟವಾದ ಒಬ್ಬ ಮನುಷ್ಯ ಇದ್ದಾನೆ. ಊಟಿಯ ಸಸ್ಯೋದ್ಯಾನ ನೋಡಿಕೊಳ್ಳುತ್ತಿದ್ದ ವಿಲಿಯಂ ಮೆಕೈವರ್. ಮರ ಬೀಳಿಸದೆ ತೊಗಟೆ ತೆಗೆಯುವುದು ಹೇಗೆ ಅಂತ ಅವನು ತಲೆ ಕೆಡಿಸಿಕೊಂಡ. ಕಾಂಡದ ಮೇಲೆ ಉದ್ದುದ್ದಕ್ಕೆ ಪಟ್ಟಿಯ ಹಾಗೆ ಗೀರಿ, ಒಂದು ಪಟ್ಟಿ ಎತ್ತಿ, ಪಕ್ಕದ್ದನ್ನು ಬಿಟ್ಟ. ಒಳಗಿನ ಆ ಜಾರುವ ಪೊರೆಗೆ ಪೆಟ್ಟಾಗದ ಹಾಗೆ ಎತ್ತಿದ. ಬೆತ್ತಲಾದ ಜಾಗಕ್ಕೆ ಒದ್ದೆ ಪಾಚಿ ಸುತ್ತಿದ. ಬಿಸಿಲು ತಾಗದೆ ಪೊರೆ ಬದುಕಿ ಉಳಿದು ಹೊಸ ತೊಗಟೆ ಹುಟ್ಟಿಸಿತು. ಹೊಸ ತೊಗಟೆಯಲ್ಲಿ ಕ್ವಿನೈನ್ ಮೊದಲಿಗಿಂತ ಜಾಸ್ತಿಯೇ ಇತ್ತು! ನಮ್ಮ ಮಲೆನಾಡಿನ ಮರಗಳಿಗೆ ಮಳೆಗಾಲದಲ್ಲಿ ಪಾಚಿ ತಾನಾಗೇ ಸುತ್ತಿಕೊಂಡಿರುವುದನ್ನು ನೋಡಿದಾಗೆಲ್ಲ ನನಗೆ ಅವನ ನೆನಪು.

ಇನ್ನು ನಮ್ಮ ಹಾಲೆ ಮರಕ್ಕೆ ಬರೋಣ. ಆಷಾಢ ಅಮಾವಾಸ್ಯೆಯ ದಿನ ಹಾಸನದ ಕಡೆ ಭೀಮನ ಅಮಾವಾಸ್ಯೆ. ಘಟ್ಟದ ಕೆಳಗಿನ ತುಳುವರಿಗೆ ಅದು ಆಟಿ ಅಮಾವಾಸ್ಯೆ. ಅಲ್ಲಿಂದ ತೋಟದ ಕೆಲಸಕ್ಕೆ ಬಂದು ಇಲ್ಲೇ ನೆಲೆಸಿದವರು ಅವತ್ತು ಬೆಳಕು ಹರಿಯುವ ಮೊದಲೇ ಹಾಲೆ ಮರದ ತೊಗಟೆಯನ್ನು ಕಲ್ಲಿನಿಂದ ಜಜ್ಜಿ ತರುತ್ತಾರೆ. ನಾವು ಚಕ್ಕೆ ಅನ್ನುವುದನ್ನು ಅವರು ಕೆತ್ತೆ ಅನ್ನುತ್ತಾರೆ. ಅರೆದು ರಸ ಹಿಂಡಿ, ಬೆಳ್ಳುಳ್ಳಿ, ಕಾಳುಮೆಣಸು, ಓಮ ಸೇರಿಸಿ, ಕೆಂಡದಲ್ಲಿ ಕಾಯಿಸಿದ ಬಿಳಿಕಲ್ಲು ಅದರೊಳಗೆ ಅದ್ದುತ್ತಾರೆ. ಚುಂಯ್ ಅಂತ ಸದ್ದು. ಒಂದು ಪುಟ್ಟ ಲೋಟ ಕುಡಿದರೆ ಆ ಕಹಿ ಮಧ್ಯಾಹ್ನದವರೆಗೂ ಗಂಟಲಲ್ಲೇ ಇರುತ್ತದೆ. ಮೇಲಿಂದ ಮೆಂತ್ಯದ ಗಂಜಿ. ನಾನು ಚಿಕ್ಕವನಿದ್ದಾಗ ಲೈನ್ ಮನೆಯ ಅಜ್ಜ ಒಬ್ಬರು, "ಮಗಾ, ಮೂಗು ಹಿಡ್ಕೊಂಡು ಒಂದೇ ಗುಟುಕಿಗೆ ಕುಡಿ, ನಿಲ್ಲಿಸಿದ್ರೆ ವಾಂತಿ ಬರ್ತದೆ" ಅಂತ ಕುಡಿಸಿದ್ದರು.

ಆ ಕಹಿ ಎಕಿಟಮಿನ್ ಮೊದಲಾದ ಆಲ್ಕಲಾಯ್ಡ್‌ಗಳದ್ದು. ಹತ್ತೊಂಬತ್ತನೇ ಶತಮಾನದಲ್ಲಿ ಇದನ್ನು ಕ್ವಿನೈನ್‌ನ ಬದಲಿಗೆ ಬಳಸಬಹುದೇ ಅಂತ ತುಂಬಾ ಪರೀಕ್ಷಿಸಿದರು. ಜ್ವರಕ್ಕೆ ಹಳ್ಳಿಗಳಲ್ಲಿ ಕೊಡುತ್ತಿದ್ದುದು ನಿಜ. ಆದರೆ ಮಲೇರಿಯಾದ ರೋಗಾಣುವನ್ನು ಕ್ವಿನೈನ್‌ನ ಹಾಗೆ ಕೊಲ್ಲುವ ಶಕ್ತಿ ಅದಕ್ಕೆ ಇರಲಿಲ್ಲ. ಕಹಿಯೆಲ್ಲ ಒಂದೇ ಅಲ್ಲ. ನಾಲಿಗೆ ಪಂಗಡ ಹೇಳುತ್ತದೆ, ಗುಣ ಹೇಳುವುದಿಲ್ಲ.

ಇಲ್ಲೇ ಕಾಸರಕದ ಮಾತು. ಹಾಲೆ ಬೆಳೆಯುವ ಕಡೆಯೇ ಕಾಸರಕವೂ ಬೆಳೆಯುತ್ತದೆ. ಅದರ ತೊಗಟೆಯೂ ಕಡು ಕಹಿ. ಅದರಲ್ಲಿರುವುದು ಬ್ರೂಸಿನ್, ಸ್ಟ್ರಿಕ್ನಿನ್. ಸ್ಟ್ರಿಕ್ನಿನ್ ಬೆನ್ನುಹುರಿಯ ನರಗಳ ಲಗಾಮನ್ನೇ ಬಿಚ್ಚಿಬಿಡುತ್ತದೆ. ಮೈಯ ಸ್ನಾಯುಗಳೆಲ್ಲ ಒಟ್ಟಿಗೆ ಸೆಟೆದುಕೊಂಡು ಉಸಿರು ನಿಲ್ಲುತ್ತದೆ. ಕತ್ತಲಲ್ಲಿ ಗೊತ್ತಿಲ್ಲದವರು ತರುವ ಚಕ್ಕೆ ಎಷ್ಟು ಅಪಾಯ ಅಂತ ಯೋಚಿಸಿ. ಹಾಲೆಗೆ ಎಲೆಗಳು ಒಂದೇ ಗಂಟಿನಲ್ಲಿ ಸುತ್ತಲೂ ಐದು, ಆರು, ಏಳು ಹರಡಿರುತ್ತವೆ, ಕೊಡೆಯ ಕಡ್ಡಿಗಳ ಹಾಗೆ. ಗೀರಿದರೆ ಬಿಳಿ ಹಾಲು ಸುರಿಯುತ್ತದೆ. ಕಾಸರಕಕ್ಕೆ ಎಲೆ ಎರಡೆರಡು ಎದುರುಬದುರು, ಹಾಲು ಬರುವುದಿಲ್ಲ. ಹಿಂದಿನ ದಿನವೇ ಹಗಲಲ್ಲಿ ಹೋಗಿ ಮರ ನೋಡಿ ಗುರುತು ಕಟ್ಟಿ ಬನ್ನಿ. ಮಕ್ಕಳಿಗೆ, ಬಸುರಿಯರಿಗೆ ಬೇಡವೇ ಬೇಡ.

ಆಸ್ಪಿರಿನ್‌ನ ಮೂಲವೂ ತೊಗಟೆಯೇ. ಹದಿನೆಂಟನೇ ಶತಮಾನದಲ್ಲಿ ಇಂಗ್ಲೆಂಡಿನ ಪಾದ್ರಿ ಎಡ್ವರ್ಡ್ ಸ್ಟೋನ್ ವಿಲೋ ಮರದ ತೊಗಟೆ ಕಚ್ಚಿ ನೋಡಿದ. ಸಿಂಕೋನಾದ ಹಾಗೆ ಕಹಿ ಇತ್ತು. ಒಣಗಿಸಿ ಪುಡಿ ಮಾಡಿ ಸುಮಾರು 50 ಜನ ಜ್ವರದವರಿಗೆ ಕೊಟ್ಟು ಗುಣ ಕಂಡು, 1763ರಲ್ಲಿ ಅದನ್ನು ವರದಿ ಮಾಡಿದ. ಅದರ ಸತ್ವ ಸ್ಯಾಲಿಸಿನ್. ಅದು ಆಲ್ಕಲಾಯ್ಡ್ ಅಲ್ಲ, ಸಾರಜನಕವೇ ಇಲ್ಲದ, ಸಕ್ಕರೆಗೆ ಅಂಟಿಕೊಂಡ ವಸ್ತು. ಜ್ವರ ಇಳಿಸಿತೇ ಹೊರತು ಮಲೇರಿಯಾದ ರೋಗಾಣುವನ್ನು ಮುಟ್ಟಲಿಲ್ಲ. ಅದೇ ದಾರಿಯಲ್ಲಿ ಮುಂದೆ ಹೋಗಿ 1899ರಲ್ಲಿ ಆಸ್ಪಿರಿನ್ ಮಾರುಕಟ್ಟೆಗೆ ಬಂತು. ವಿಲೋದ ತಮ್ಮ ನಮ್ಮ ಹಳ್ಳಗಳ ಬದಿಯಲ್ಲೂ ಇದ್ದಾನೆ, ನೀರವಂಜಿ ಅನ್ನುತ್ತಾರೆ.

ಮಲೇರಿಯಾದ ಭಯ ಹೋಯಿತು, ಆಸ್ಪಿರಿನ್ ಕಾರ್ಖಾನೆಯಲ್ಲಿ ತಯಾರಾಯಿತು, ಇನ್ನು ತೊಗಟೆಯ ಹಂಗಿಲ್ಲ ಅಂತ ಅನಿಸುವ ಹೊತ್ತಿಗೆ ಕ್ಯಾನ್ಸರ್ ಔಷಧಿಗಳು ಬಂದವು. ಅಮೆರಿಕದಲ್ಲಿ ಮನ್ರೋ ವಾಲ್ ಮತ್ತು ನಮ್ಮ ದೇಶದಲ್ಲೇ ಹುಟ್ಟಿ ಬೆಳೆದ ಮನ್ಸುಖ್ ವಾನಿ ಸೇರಿ 1966ರಲ್ಲಿ ಚೀನಾದ ಒಂದು ಮರದಿಂದ ಕ್ಯಾಂಪ್ಟೋಥೆಸಿನ್ ತೆಗೆದರು. 1971ರಲ್ಲಿ ಯೂ ಮರದ ತೊಗಟೆಯಿಂದ ಟ್ಯಾಕ್ಸಾಲ್ ತೆಗೆದರು. ಆ ಕ್ಯಾಂಪ್ಟೋಥೆಸಿನ್ ನಮ್ಮ ಪಶ್ಚಿಮಘಟ್ಟದ ದುರ್ವಾಸನೆ ಮರದಲ್ಲೂ ಬೇಕಾದಷ್ಟಿದೆ ಅಂತ 1972ರಲ್ಲಿ ಗೊತ್ತಾಯಿತು. ಶೋಲಾ ಕಾಡಿನ ಅಂಚಿನಲ್ಲಿ ಬೆಳೆಯುವ, ಹೂವಿಗೆ ಕೆಟ್ಟ ವಾಸನೆ ಅಂತ ಯಾರೂ ಹತ್ತಿರ ಸುಳಿಯದಿದ್ದ ಮರ. ಸುದ್ದಿ ಹರಡಿದ ಮೇಲೆ ಘಟ್ಟದ ಉದ್ದಕ್ಕೂ ಅದನ್ನು ಬೇರುಸಮೇತ ಕಿತ್ತು ಚಿಪ್ಸ್ ಮಾಡಿ ಲೋಡುಗಟ್ಟಲೆ ಸಾಗಿಸಿದರು. ಆಂಡೀಸ್‌ನಲ್ಲಿ ಆದದ್ದೇ ನಮ್ಮ ಕಾಡಿನಲ್ಲೂ ಆಯಿತು. ಟ್ಯಾಕ್ಸಾಲ್ ವಿಷಯದಲ್ಲಿ ದಾರಿ ಸಿಕ್ಕಿತು. ಯೂ ಮರದ ಎಲೆಯಲ್ಲಿ ಅದರ ಅರ್ಧ ತಯಾರಾದ ಅಣು ಸಿಕ್ಕಿ, ಉಳಿದರ್ಧವನ್ನು ಪ್ರಯೋಗಾಲಯದಲ್ಲಿ ಜೋಡಿಸುವುದನ್ನು ಕಲಿತರು. ಎಲೆ ಕಿತ್ತರೆ ಮತ್ತೆ ಬರುತ್ತದೆ.

ಅಶೋಕದ ಗತಿಯೂ ಹೀಗೇ. ಹೆಂಗಸರ ತೊಂದರೆಗಳಿಗೆ ಕೊಡುವ ಅರಿಷ್ಟ ಎಂಬ ಆಯುರ್ವೇದದ ಮದ್ದಿಗೆ ಬೇಕಾದ ಕೆಂಪು ಹೂವಿನ ನಿಜವಾದ ಅಶೋಕ ಕಾಡಿನಲ್ಲಿ ಅಪರೂಪವಾಗಿದೆ. ಹಾಗಾಗಿ ರಸ್ತೆ ಬದಿಯ ಕಂಬದಂಥ ಅಶೋಕದ ತೊಗಟೆಯನ್ನು ಅದಕ್ಕೆ ಬೆರೆಸುತ್ತಾರೆ. ಎರಡಕ್ಕೂ ಸಂಬಂಧವೇ ಇಲ್ಲ, ಹೆಸರು ಮಾತ್ರ ಒಂದು.

ಹೇಮಾವತಿ ದಂಡೆಯಲ್ಲಿ ಹೊಳೆಮತ್ತಿ ಮರಗಳಿವೆ. ಆಯುರ್ವೇದದ ಅರ್ಜುನ ಅಂದರೆ ಇದೇ. ಹೃದಯದ ಮದ್ದು ಅಂತ ಇದರ ಚಕ್ಕೆಗೆ ಬೇಡಿಕೆ ಇದೆ. ಹೃದಯಕ್ಕೆ ಮಾತ್ರೆ ತೆಗೆದುಕೊಳ್ಳುವವರು ಡಾಕ್ಟರನ್ನು ಕೇಳದೆ ಇದನ್ನು ಕುಡಿಯಬಾರದು, ಅದು ಬೇರೆ ಮಾತು. ಸಕಲೇಶಪುರದ ಹತ್ತಿರ ಹೊಳೆಗೆ ಬಾಗಿ ನಿಂತ ಒಂದು ಮರದಿಂದ ಚಕ್ಕೆ ತೆಗೆಯುತ್ತಿದ್ದ ಹಿರಿಯರೊಬ್ಬರ ಪಕ್ಕ ನಾನು ಒಂದು ಬೆಳಿಗ್ಗೆ ಕೂತಿದ್ದೆ. ಕಾಂಡದ ಸುತ್ತಳತೆಯಲ್ಲಿ ಕಾಲು ಭಾಗವನ್ನೂ ಅವರು ಮುಟ್ಟಲಿಲ್ಲ. ಮೇಲಿನಿಂದ ಕೆಳಕ್ಕೆ ಉದ್ದ ಪಟ್ಟಿ, ಅಂಗೈ ಅಗಲ. ಕತ್ತಿಯನ್ನು ಓರೆ ಹಿಡಿದು ಹೊರಗಿನದ್ದನ್ನೂ ನಡುವಿನದ್ದನ್ನೂ ಎತ್ತಿದರು, ಒಳಗಿನ ತೆಳು ಪದರ ಕಾಂಡಕ್ಕೇ ಉಳಿಯಿತು. "ಇನ್ನೂ ಒಳಗೆ ಯಾಕೆ ಹೋಗಲ್ಲ?" ಅಂತ ಕೇಳಿದೆ. "ಒಳಗಡೆದು ಮರದ್ದು ಕಣಪ್ಪ" ಅಂದರು. ಆ ಮರದ ಇನ್ನೊಂದು ಮಗ್ಗುಲಲ್ಲಿ ಅವರು ಹಿಂದೆ ತೆಗೆದಿದ್ದ ಪಟ್ಟಿಯ ಗುರುತು ಇತ್ತು. ಎರಡೂ ಅಂಚಿನಿಂದ ಹೊಸ ತೊಗಟೆ ಬಂದು ಕೂಡಿಕೊಂಡು, ನಡುವೆ ಬೆರಳ ಗೆರೆಯಷ್ಟು ಮಾತ್ರ ಉಳಿದಿತ್ತು. ಮುಟ್ಟಿದರೆ ಎಳೆಮಗುವಿನ ಚರ್ಮದ ಹಾಗೆ ನುಣ್ಣಗಿತ್ತು.